ಫಾಂತಿಕ್‌ಗೆ ಎರಡು ಜೊತೆ ಕಾಲುಚೀಲ

ಭಾನುವಾರ ಬೆಳಿಗ್ಗೆ ಶಾರ್ಶೆನ್ ಅಂಗಳದ ಕಬ್ಬಿಣದ ಕಂಬಿಯ ಮೇಲೆ ಮನೆಯ ಜಮಖಾನ ಹರವಿ ಧೂಳು ಬಡಿಯುತ್ತಿದ್ದ. ಬಿಶ್ಕೆಕ್ ಪಟ್ಟಣದ ಆ ಐದಂತಸ್ತಿನ ಕಟ್ಟಡದಲ್ಲಿ ಗಂಡಸರು ಮಾಡುವ ಮನೆಗೆಲಸಗಳ ಪೈಕಿ ನಾಲ್ಕು ಜನರ ಕಣ್ಣಿಗೆ ಬೀಳುವುದು ಇದೊಂದೇ. ಆದ್ದರಿಂದ ಅವನು ಅದನ್ನು ಆದಷ್ಟು ಸದ್ದು ಮಾಡಿ ಮಾಡುತ್ತಿದ್ದ. ಜಮಖಾನಕ್ಕೊಂದು ಏಟು, ಬೆಂಚಿನ ಕಡೆಗೊಂದು ನೋಟ. ಬೆಂಚಿನ ಮೇಲೆ ಅಂಗಳಕ್ಕೆಲ್ಲ ಹಿರಿಯಳಾದ ಅಸಿಲ್ಕಾನ್ ಅಪಾ ಸೂರ್ಯಕಾಂತಿ ಬೀಜ ಸುಲಿಯುತ್ತ ಕುಳಿತಿದ್ದಳು. ಅಕ್ಕಪಕ್ಕದಲ್ಲಿ ಅವಳ ಮಂತ್ರಿಮಂಡಲ.

ಏಟಿಗೂ ಏಟಿಗೂ ನಡುವೆ ಶಾರ್ಶೆನ್ ತನ್ನ ಅಜ್ಜನ ಬೇಟೆನಾಯಿಯ ಕಥೆ ಹೇಳುತ್ತಿದ್ದ. ನಾರಿನ್ ಬೆಟ್ಟಗಳಲ್ಲಿ ಆ ನಾಯಿ ಒಂಟಿಯಾಗಿ ತೋಳವೊಂದನ್ನು ಹಿಡಿದ ಕಥೆ. ಅಂಗಳದವರಿಗೆಲ್ಲ ಅದು ಬಾಯಿಪಾಠವಾಗಿತ್ತು. ವರ್ಷದಿಂದ ವರ್ಷಕ್ಕೆ ಬೆಳೆಯುತ್ತ ಬಂದ ತೋಳ ಈಗ ಹೆಚ್ಚುಕಡಿಮೆ ಕರುವಿನಷ್ಟಾಗಿತ್ತು. ನಾಯಿ ಇನ್ನೇನು ಅದರ ಕುತ್ತಿಗೆಗೆ ಬಾಯಿ ಹಾಕಬೇಕು, ಅಷ್ಟರಲ್ಲಿ ಮೂರನೆಯ ಮಹಡಿಯ ಬಾಲ್ಕನಿಯಿಂದ ಹೆಂಡತಿ ಬುರುಲ್ ತಲೆ ಹೊರಹಾಕಿದಳು.

"ಮೇಲೆ ಬನ್ನಿ. ಜಮಖಾನ ಅಲ್ಲೇ ಇರ್ಲಿ."

ತೋಳವನ್ನು ಅರ್ಧಜೀವದಲ್ಲೇ ಬಿಟ್ಟು ಶಾರ್ಶೆನ್ ಮೇಲೆ ಹೋದ.

ಅಡುಗೆಮನೆಯ ನೆಲದ ಮೇಲೆ ಫಾಂತಿಕ್ ಕುಳಿತಿತ್ತು. ಬಿಳಿಯ ಗುಂಗುರು ಕೂದಲಿನ, ಎರಡು ಅಂಗೈಯಲ್ಲಿ ಹಿಡಿಸುವಂಥ ನಾಯಿ. ಫಾಂತಿಕ್ ಎಂದರೆ ಮಿಠಾಯಿಗೆ ಸುತ್ತುವ ಕಾಗದ. ಗಾತ್ರಕ್ಕೆ ತಕ್ಕ ಹೆಸರು. ಅದು ತನ್ನ ಹಗ್ಗವನ್ನು ಪೂರ್ತಿ ತಿಂದು ಮುಗಿಸಿ ಕೊಂಡಿಯನ್ನು ಮಾತ್ರ ಮರ್ಯಾದೆಯಿಂದ ಪಕ್ಕಕ್ಕಿಟ್ಟಿತ್ತು. ಕಿವಿಯ ಹಿಂದೆ, ಹೊಟ್ಟೆಯ ಕೆಳಗೆ ಕೂದಲು ಗಂಟುಗಟ್ಟಿ ಮುಳ್ಳುಗಳು ಸಿಕ್ಕಿಕೊಂಡಿದ್ದವು. ಆರು ವರ್ಷದ ಮಗಳು ಕುಂದುಜ್ ಮೊಣಕಾಲೂರಿ ಕುಳಿತು ಒಂದೊಂದೇ ಮುಳ್ಳು ಬಿಡಿಸುತ್ತಿದ್ದಳು.

ಈ ನಾಯಿ ಬಂದ ಬಗೆ ಹೀಗೆ. ನಾಲ್ಕನೆಯ ಮಹಡಿಯ ಸಂಗೀತದ ಟೀಚರಮ್ಮ ಜಿನೈದಾ ದೂರದ ಮಗಳ ಊರಿಗೆ ಹೊರಟಾಗ ಶಾರ್ಶೆನ್ ತನ್ನ ಮಿನಿಬಸ್ಸಿನಲ್ಲಿ ಅವರನ್ನು ರೈಲು ನಿಲ್ದಾಣಕ್ಕೆ ಬಿಟ್ಟಿದ್ದ. ನಾಯಿಗೆ ಕಾಗದಪತ್ರವಿಲ್ಲವೆಂದು ರೈಲಿನವರು ಹತ್ತಿಸಿಕೊಳ್ಳಲಿಲ್ಲ. ಟೀಚರಮ್ಮ ಅಳುತ್ತ ಅದನ್ನು ಅವನ ಕೈಗೆ ಕೊಟ್ಟರು. ರೈಲು ಹೊರಟಿತು, ನಾಯಿ ಕೈಯಲ್ಲೇ ಉಳಿಯಿತು. ಅಂಗಳದವರೆಲ್ಲ ನಾಯಿಯೂ ಊರು ಬಿಟ್ಟಿತೆಂದೇ ತಿಳಿದಿದ್ದರು. ಶಾರ್ಶೆನ್ ಹೇಳಲಿಲ್ಲ, ಹೇಳುವಂತೆಯೂ ಇರಲಿಲ್ಲ. ಟೀಚರಮ್ಮ ಹೊರಡುವ ಹಿಂದಿನ ದಿನವಷ್ಟೇ ಬೆಂಚಿನ ಮುಂದೆ ನಿಂತು, "ಟೋಪಿಯಷ್ಟಿರೋ ನಾಯಿ ನಮ್ಮನೆ ಹೊಸ್ತಿಲು ದಾಟಿದ್ರೆ ನಾನು ಶಾರ್ಶೆನ್ನೇ ಅಲ್ಲ. ನಾಯಿ ಇರೋ ಮನೆಗೆ ದೇವದೂತರು ಕಾಲಿಡಲ್ಲ" ಎಂದು ಸಾರಿದ್ದ. ಹೀಗಾಗಿ ಕಟ್ಟುನಿಟ್ಟಾಗಿ ನೋಡಿದರೆ ಕೆಲವು ದಿನಗಳಿಂದ ಅವನು ಶಾರ್ಶೆನ್ ಆಗಿರಲಿಲ್ಲ. ನಾಯಿಯನ್ನು ತರಕಾರಿ ಚೀಲದಲ್ಲಿಟ್ಟು, ಮೇಲೊಂದು ಟವೆಲ್ ಹೊದಿಸಿ, ಜನ ಏಳುವ ಮುಂಚೆ ಗ್ಯಾರೇಜುಗಳ ಹಿಂದಕ್ಕೆ ಒಯ್ದು ತರುವ ಬೇರೆ ಯಾರೋ ಆಗಿದ್ದ.

ಬೊಗಳಿ ಗುಟ್ಟು ರಟ್ಟು ಮಾಡುವ ಜಾತಿಯದಲ್ಲ ಫಾಂತಿಕ್. ಮಕ್ಕಳು ಅಪಸ್ವರ ನುಡಿಸಿದಾಗ ಬೊಗಳಬಾರದೆಂದು ಟೀಚರಮ್ಮ ತಿದ್ದಿದ್ದರು. ಬೇಸರವಾದರೆ ಎಳೆಗೂಸಿನಂತೆ ಕುಂಯ್ಯೆಂದು ರಾಗ ಎಳೆಯುತ್ತಿತ್ತು, ಅಷ್ಟೇ.

ಮಗಳ ಮನೆ ತಲುಪಿದ ಟೀಚರಮ್ಮ ಫೋನ್ ಮಾಡಿ, ತೋಕ್ಮೋಕ್ ಊರಿನ ತಮ್ಮ ಹಳೆಯ ಶಿಷ್ಯೆ ಲಾರಿಸಾ ಶನಿವಾರ ಬಂದು ನಾಯಿಯನ್ನು ಕರೆದೊಯ್ಯುತ್ತಾಳೆಂದು ತಿಳಿಸಿದ್ದರು. ಅಂದಿನಿಂದ ಕುಂದುಜ್‌ಳ ಮಾತು ಕಡಿಮೆಯಾಗಿತ್ತು. ಬಾಯಿ ತೆರೆಯುವಳು, ಅಪ್ಪನ ಮುಖ ನೋಡುವಳು, ಮುಚ್ಚುವಳು. ಅವಳು ಏನು ಕೇಳಬೇಕೆಂದಿದ್ದಾಳೆ ಎಂಬುದು ಬುರುಲ್‌ಗೆ ಗೊತ್ತಿತ್ತು, ಫಾಂತಿಕ್‌ಗೂ ಗೊತ್ತಿದ್ದಿರಬಹುದು. ಇಲ್ಲವೆಂಬ ಉತ್ತರ ಬಂದೀತೆಂದು ಹೆದರಿ ಕೇಳದೆಯೇ ಉಳಿಯುವುದು ದೊಡ್ಡವರ ಅಭ್ಯಾಸ. ಆ ಮಗು ಅದನ್ನು ತುಸು ಬೇಗನೆ ಕಲಿತಿತ್ತು.

"ಇಷ್ಟು ಕೊಳಕಾಗಿ ಕೊಟ್ಟು ಕಳಿಸಿದ್ರೆ ಟೀಚರಮ್ಮನಿಗೆ ನಾನು ಯಾವ ಮುಖ ತೋರಿಸ್ಲಿ?" ಎಂದಳು ಬುರುಲ್. "ಬ್ರಶ್ಶು, ಬಾಚಣಿಗೆ, ಕತ್ರಿ, ಶಾಂಪೂ, ಒಂದು ಹಗ್ಗ. ಹೋಗಿ ತನ್ನಿ."

ಬಜಾರಿನಲ್ಲಿ ಸಾಕುಪ್ರಾಣಿಗಳ ಸಾಮಾನಿನ ಅಂಗಡಿಗಳೆಲ್ಲ ಒಂದೇ ಸಾಲಿನಲ್ಲಿವೆ. ಆ ಸಾಲಿನ ಎದುರಿಗೇ ಮಿನಿಬಸ್ ಓಡಿಸುವವರು ಚಹಾ ಕುಡಿಯುವ ಜಾಗ. ಶಾರ್ಶೆನ್ ಒಂದು ಗುಲಾಬಿ ಬಣ್ಣದ ನಾಯಿಬ್ರಶ್ಶಿಗೆ ಕೈ ಚಾಚಿದ್ದನಷ್ಟೇ, ಹಿಂದಿನಿಂದ "ಏನು ಬಾಯ್ಕೆ, ಈ ಕಡೆ?" ಎಂದು ದನಿ ಬಂತು. ಅದೇ ಮಾರ್ಗದಲ್ಲಿ ಬಸ್ಸೋಡಿಸುವ ಮಾಮ್ಬೆತ್. ಅಣ್ಣನೆಂಬ ಗೌರವದಿಂದ ಬಾಯ್ಕೆ ಎಂದು ಕರೆಯುತ್ತಲೇ ಮೂಳೆ ಕಾಣುವಂತೆ ಕಾಲೆಳೆಯುವ ಆಸಾಮಿ. ಚಾಚಿದ ಕೈ ತಾನಾಗಿಯೇ ಹಿಂದೆ ಬಂದು ಶಾರ್ಶೆನ್‌ನ ಕಿವಿ ಕೆರೆಯಿತು. ಕಾಲುಗಳು ಅವನನ್ನು ಪಕ್ಕದ ಸಾಲಿಗೆ ಕೊಂಡೊಯ್ದವು. ಅದು ತೊಟ್ಟಿಲು, ಮಕ್ಕಳ ಬಟ್ಟೆ, ಔತಣದ ಸಾಮಗ್ರಿಗಳ ಸಾಲು. ಚಹಾದ ಬಟ್ಟಲು ಹಿಡಿದುಕೊಂಡೇ ಮಾಮ್ಬೆತ್ ಹಿಂಬಾಲಿಸಿದ.

ಬ್ರಶ್ಶು ಬೇಕೆಂದ ಶಾರ್ಶೆನ್. ಅಂಗಡಿಯಾಕೆ ತನ್ನ ಕಸುಬಿಗೆ ತಕ್ಕಂತೆ ವಿಚಾರಿಸಿಕೊಂಡಳು.

"ಕೂದ್ಲು ಹೆಂಗಿದೆ?"

"ಗುಂಗುರು. ಬಿಳಿ."

"ಬಿಳೀನಾ?"

ಮಾಮ್ಬೆತ್‌ನ ಉಸಿರು ಶಾರ್ಶೆನ್‌ನ ಕತ್ತಿಗೆ ತಾಗುತ್ತಿತ್ತು. "ಅಮ್ಮನ ಕಡೆಯಿಂದ ಬಂದಿರ್ಬೇಕು" ಎಂದ ಶಾರ್ಶೆನ್.

"ಹಲ್ಲು?"

"ಎಲ್ಲಾ ಬಂದಿದೆ. ನಿನ್ನೆ ನನ್ನ ಬೆಲ್ಟು ತಿಂದು ಹಾಕ್ತು."

ಅಂಗಡಿಯಾಕೆ ಅಚ್ಚರಿಪಡಲಿಲ್ಲ. ಅವಳ ಮೂರನೆಯ ಮಗ ಗೋಡೆಯ ಸುಣ್ಣ ತಿಂದೇ ದೊಡ್ಡವನಾಗಿ ಈಗ ಪೊಲೀಸಿನಲ್ಲಿದ್ದನಂತೆ. ಮೆತ್ತನೆಯ ಬ್ರಶ್ಶು ತೆಗೆದಳು. ಅದು ಮೇಲಿನ ಕೂದಲಿಗೆ ಮಾತ್ರ, ಒಳಗಿನ ಗಂಟಿಗೆ ಹಲ್ಲು ದೂರವಿರುವ ಬಾಚಣಿಗೆಯೇ ಆಗಬೇಕೆಂದಳು. ತುದಿ ಮೊಂಡಾದ ಪುಟ್ಟ ಕತ್ತರಿ, ಕಣ್ಣುರಿಯದ ಶಾಂಪೂ, ಬೆನ್ನಿಗೆ ಗುಂಡಿಯಿರುವ ಹತ್ತಿ ತುಂಬಿದ ಅಂಗಿ, ಎಲ್ಲ ಬಂದವು. ನಡೆಯಲು ಕಲಿಯುವ ಕೂಸುಗಳ ಎದೆಗೆ ಕಟ್ಟಿ ಹಿಂದಿನಿಂದ ಹಿಡಿದುಕೊಳ್ಳುವ ಪಟ್ಟಿಯೊಂದನ್ನೂ ತೋರಿಸಿದಳು. ಕುತ್ತಿಗೆ ಬಿಗಿಯುತ್ತದೆಯೇ ಎಂದು ಶಾರ್ಶೆನ್ ಆತಂಕದಿಂದ ಕೇಳಿದ. ಎದೆ ಹಿಡಿಯುತ್ತದೆ, ಕುತ್ತಿಗೆ ಮುಟ್ಟುವುದೇ ಇಲ್ಲ ಎಂದಳು. ಅವನು ಗೇಣು ಹಾಕಿ ಅಳತೆ ಕೊಟ್ಟ. ಇಷ್ಟು ಎಚ್ಚರದ ಗಂಡಸನ್ನು ತಾನು ಈ ಅಂಗಡಿಯಲ್ಲಿ ಕಂಡೇ ಇಲ್ಲವೆಂದು ಅವಳು ಮಾಮ್ಬೆತ್‌ಗೆ ಹೇಳಿದಳು.

ಕಡೆಗೆ, ನಡೆಸಲು ಗಟ್ಟಿ ಹಗ್ಗವೊಂದು ಬೇಕೆಂದ. ಅವಳು ಮರುಮಾತಿಲ್ಲದೆ ಕಪ್ಪು ಬಿಳಿ ಉಣ್ಣೆ ಸೇರಿಸಿ ಹೊಸೆದ ಹುರಿಯನ್ನು ಅಳೆದು ಕೊಟ್ಟಳು.

ಆ ಹುರಿ ಏಕೆಂದು ಕಿರ್ಗಿಜರ ಯಾವ ಮನೆಯಲ್ಲೂ ಹೇಳಿಕೊಡಬೇಕಾಗಿಲ್ಲ. ಕೂಸು ಮೊದಲ ಹೆಜ್ಜೆ ಇಟ್ಟಾಗ ಅದರ ಕಾಲಿಗೆ ಕಪ್ಪು ಬಿಳಿ ಹುರಿ ಕಟ್ಟುತ್ತಾರೆ. ಊರ ಮಕ್ಕಳು ದೂರದಿಂದ ಓಡಿ ಬರುತ್ತಾರೆ. ಮೊದಲು ಬಂದವರು ಹುರಿ ಕತ್ತರಿಸುತ್ತಾರೆ. ಅಲ್ಲಿಗೆ ಕೂಸಿನ ಬಾಳಿನ ದಾರಿ ತೆರೆಯಿತೆಂದು ಲೆಕ್ಕ, ಮತ್ತೆ ಊಟ. ಶಾರ್ಶೆನ್‌ಗೂ ಇದೆಲ್ಲ ಗೊತ್ತಿತ್ತು. ಆದರೆ ಆ ಹೊತ್ತಿನಲ್ಲಿ ಅವನಿಗೆ ಹುರಿ ಕಾಣಲಿಲ್ಲ, ಅದರ ಗಟ್ಟಿತನ ಮಾತ್ರ ಕಂಡಿತು. ಎರಡೂ ಕೈಯಿಂದ ಜಗ್ಗಿ ನೋಡಿ ತಲೆಯಾಡಿಸಿದ.

ಮಾಮ್ಬೆತ್‌ನ ಮುಖ ಅರಳಿತು. ಬಟ್ಟಲನ್ನು ಅಂಗಡಿಯ ಕಟ್ಟೆಯ ಮೇಲಿಟ್ಟು ಶಾರ್ಶೆನ್‌ನನ್ನು ಬಾಚಿ ತಬ್ಬಿಕೊಂಡ.

"ಏನೂ ಹೇಳ್ಬೇಡ ಬಾಯ್ಕೆ. ಒಂದು ಮಾತೂ ಬೇಡ. ಕಣ್ಣು ಬಿದ್ದೀತು."

ಹೇಳಬೇಕಾಗಿಲ್ಲದ ಸುಖಕ್ಕೆ ಶಾರ್ಶೆನ್ ಕಾರಣವನ್ನು ಕೇಳಲಿಲ್ಲ. ಚೀಲ ಹೊತ್ತು ಮನೆಗೆ ಬಂದ. ಅವನಿಗಿಂತ ಮೊದಲು ಸುದ್ದಿ ಬಸ್ಸು ಹತ್ತಿ ಬಂದಿಳಿದಿತ್ತು.

ಬೆಂಚಿನ ಸಭೆ ತುರ್ತಾಗಿ ಸೇರಿತು. ಸಾಕ್ಷಿಗಳನ್ನು ಒಂದೊಂದಾಗಿ ಮಂಡಿಸಲಾಯಿತು. ಎರಡನೆಯ ಮಹಡಿಯವರು ಮೇಲಿನಿಂದ ಎಳೆಗೂಸಿನ ದನಿ ಕೇಳಿದ್ದರು. ಎದುರು ಕಟ್ಟಡದವರು ಬಾಲ್ಕನಿಯಲ್ಲಿ ಸಣ್ಣ ಸಣ್ಣ ಬಟ್ಟೆಚೂರು ಒಣಗಿದ್ದನ್ನು ನೋಡಿದ್ದರು. ಶಾರ್ಶೆನ್ ಮುಂಜಾನೆ ಏನನ್ನೋ ಎದೆಗವಚಿಕೊಂಡು, ಅದರೊಡನೆ ಪಿಸುಮಾತಾಡುತ್ತ ಹೋದದ್ದನ್ನು ಹಾಲಿನವಳು ಕಂಡಿದ್ದಳು. ಈಗ ಕಪ್ಪು ಬಿಳಿ ಹುರಿ. ಅಸಿಲ್ಕಾನ್ ಅಪಾ ಬೀಜದ ಸಿಪ್ಪೆ ಉಗುಳಿ ತೀರ್ಪು ಕೊಟ್ಟಳು. ಬುರುಲ್‌ಳ ಅಣ್ಣನಿಗೆ ಹಳ್ಳಿಯಲ್ಲಿ ಮನೆತುಂಬ ಮಕ್ಕಳು. ಹಿಂದಿನವರು ಮಾಡುತ್ತಿದ್ದಂತೆ ಅವನು ಕಡೆಯ ಕೂಸನ್ನು ತಂಗಿಗೆ ಸಾಕಲು ಕೊಟ್ಟಿದ್ದಾನೆ. ದೃಷ್ಟಿಯಾಗದಿರಲೆಂದು ಹೊರಗೆ ತೋರಿಸುತ್ತಿಲ್ಲ, ಅದು ಸರಿಯೇ.

"ತಾವಾಗಿ ಹೇಳೋವರ್ಗೂ ಯಾರೂ ಕೇಳ್ಕೂಡದು" ಎಂದಳು ಅಪಾ. "ಕೇಳ್ದೋರ ನಾಲಿಗೆ ನಾನು ನೋಡ್ಕೊಳ್ತೀನಿ."

ಹೀಗೆ ಆ ಅಂಗಳದಲ್ಲಿ ಹಿಂದೆಂದೂ ಕಾಣದಂಥ ಸಭ್ಯತೆ ನೆಲೆಸಿತು. ಯಾರೂ ಏನನ್ನೂ ಕೇಳಲಿಲ್ಲ. ಬಾಗಿಲಿನ ಹಿಡಿಕೆಗೆ ಮಾತ್ರ ಪೊಟ್ಟಣಗಳು ನೇತುಬಿದ್ದವು. ಒಬ್ಬಳು ಉಣ್ಣೆಯ ಪುಟ್ಟ ಕಾಲುಚೀಲ ಹೆಣೆದು ಕೊಟ್ಟಳು, ಅದು ತಿಳಿಯದೆ ಇನ್ನೊಬ್ಬಳೂ ಹೆಣೆದು ಕೊಟ್ಟಳು.

"ಎರಡು ಜೊತೆ" ಎಂದು ಶಾರ್ಶೆನ್ ಅವನ್ನು ಕೈಯಲ್ಲಿ ಹಿಡಿದು ಎಣಿಸಿದ. "ನೋಡಿದ್ಯಾ ಬುರುಲ್, ಲೆಕ್ಕ ಸರಿಯಾಗಿದೆ. ಎಲ್ರಿಗೂ ಗೊತ್ತಾಗ್ಬಿಟ್ಟಿದೆ. ಗೊತ್ತಿದ್ರೂ ನನ್ನ ಮಾನ ಉಳೀಲಿ ಅಂತ ಬಾಯಿ ಬಿಡ್ತಿಲ್ಲ. ಎಂಥಾ ಜನ."

ಬುರುಲ್‌ಗೆ ಅಷ್ಟು ನಂಬಿಕೆ ಬರಲಿಲ್ಲ. ಹಿಂದಿನ ದಿನ ಮೆಟ್ಟಿಲ ಮೇಲೆ ಒಬ್ಬಾಕೆ ಅವಳ ಕೆನ್ನೆ ಸವರಿ, ನಿನ್ನ ಮನಸ್ಸು ದೊಡ್ಡದು ಕಣೇ ಎಂದು ಕಣ್ಣೊರೆಸಿಕೊಂಡಿದ್ದಳು. ನಾಯಿಯ ಕೂದಲು ಗುಡಿಸುವುದಕ್ಕೆ ಯಾರಾದರೂ ಇಷ್ಟು ಮರುಗುತ್ತಾರೆಯೇ? ಆದರೆ ಒಲೆಯ ಮೇಲೆ ಸಾರು ಉಕ್ಕುತ್ತಿತ್ತು, ಆ ವಿಚಾರ ಅಲ್ಲಿಗೆ ನಿಂತಿತು.

ಸರ್ಕಾರವೂ ಸುಮ್ಮನಿರಲಿಲ್ಲ. ಬಡಾವಣೆಯ ಆರೋಗ್ಯ ಕೇಂದ್ರದ ನರ್ಸ್ ಮೆಟ್ಟಿಲಲ್ಲಿ ಅಡ್ಡಹಾಕಿ, ಯಾರ ಹೆಸರನ್ನೂ ಎತ್ತದೆ, ಲಸಿಕೆಯೆಲ್ಲ ಆಗಿದೆಯೇ ಎಂದಳು. ಟೀಚರಮ್ಮ ಎಲ್ಲ ಹಾಕಿಸಿದ್ದಾರೆ ಎಂದ ಶಾರ್ಶೆನ್. ಲಸಿಕೆಗೂ ಟೀಚರಮ್ಮನಿಗೂ ಏನು ಸಂಬಂಧವೆಂದು ಅವಳಿಗೆ ಹೊಳೆಯಲಿಲ್ಲ, ಆದರೆ ಅಪಾಳ ಕಟ್ಟಪ್ಪಣೆ ಇತ್ತು. ಊಟ ಹೇಗೆ ಎಂದಳು. ಮಾಂಸವೆಂದರೆ ಪ್ರಾಣ, ಮೂಳೆಯನ್ನೂ ಬಿಡುವುದಿಲ್ಲ, ಮೊನ್ನೆ ಚಪ್ಪಲಿಯ ಅಟ್ಟೆ ಅರ್ಧ ಮುಗಿಸಿತು ಎಂದು ಅವನು ಹೆಮ್ಮೆಯಿಂದ ವರದಿ ಒಪ್ಪಿಸಿದ. ನರ್ಸ್ ಗಂಭೀರಳಾದಳು. ಮೈಯಲ್ಲಿ ಕಬ್ಬಿಣದ ಅಂಶ ಕಡಿಮೆಯಾದರೆ ಹೀಗಾಗುತ್ತದೆಂದು ಚೀಲದಿಂದ ಒಂದು ಟಾನಿಕ್ ತೆಗೆದುಕೊಟ್ಟು ಹೋದಳು. ನಾಯಿಗಳ ಬಗ್ಗೆ ಸರ್ಕಾರಕ್ಕೆ ಇಷ್ಟು ಕಾಳಜಿ ಇರುವುದು ಶಾರ್ಶೆನ್‌ಗೆ ತಿಳಿದೇ ಇರಲಿಲ್ಲ.

ಗುರುವಾರ ಅಸಿಲ್ಕಾನ್ ಅಪಾ ತಾನೇ ಬಾಗಿಲಿಗೆ ಬಂದಳು. ಒಳಗೆ ಇಣುಕಲಿಲ್ಲ, ಇಣುಕದಿರಲು ಅವಳು ಪಟ್ಟ ಕಷ್ಟ ಕುತ್ತಿಗೆಯಲ್ಲಿ ಕಾಣುತ್ತಿತ್ತು.

"ನಡಿಗೆ ಹೆಂಗಿದೆ ಮಗನೇ?"

"ನಡಿಗೆ ಏನು ಅಪಾ, ಓಡೋದೇ. ಹಿಡಿಯೋಕಾಗಲ್ಲ."

"ಹಾಗಾದ್ರೆ ತಡ ಮಾಡೋದು ಬೇಡ. ಶನಿವಾರ ಅಂಗಳದಲ್ಲಿ ನಾವೇ ಎಲ್ಲಾ ಮಾಡ್ತೀವಿ. ನೀನು ಅಲಂಕಾರ ಮಾಡಿ ಕರ್ಕೊಂಡು ಬಾ, ಸಾಕು. ಹುರಿ ಮರೀಬೇಡ."

ಶನಿವಾರ ಲಾರಿಸಾ ಬರುವ ದಿನ. ಅದೂ ಇವರಿಗೆ ತಿಳಿದುಹೋಗಿದೆ, ಬೀಳ್ಕೊಡುಗೆ ಏರ್ಪಡಿಸುತ್ತಿದ್ದಾರೆ ಎಂದುಕೊಂಡ ಶಾರ್ಶೆನ್. ಒಂದು ನಾಯಿಗೆ ಇದು ತುಸು ಹೆಚ್ಚಾಯಿತೆನ್ನಿಸಿದರೂ, ಹಿರಿಯರ ಮಾತಿಗೆ ಎದುರಾಡದೆ ತಲೆ ಬಾಗಿಸಿದ.

ಈ ನಡುವೆ ಒಳಗೆ ಬೇರೆಯೇ ಕೆಲಸ ಸಾಗಿತ್ತು. ಮೊದಲ ದಿನ ಶಾರ್ಶೆನ್ ಗಂಟನ್ನು ಬುಡದಿಂದಲೇ ಎಳೆದು ಕೈ ಕಚ್ಚಿಸಿಕೊಂಡಿದ್ದ. ಬುರುಲ್ ಉಣ್ಣೆ ಬಿಡಿಸುವಂತೆ ತುದಿಯಿಂದ ಶುರುಮಾಡಿ, ಒಂದು ಕೈಯಲ್ಲಿ ಬುಡ ಹಿಡಿದುಕೊಂಡು ಬಾಚುವುದನ್ನು ತೋರಿಸಿಕೊಟ್ಟಳು. ಮರುದಿನದಿಂದ ಅವನು ಬಸ್ಸು ನಿಲ್ಲಿಸಿ ಬಂದವನೇ, ಕೈಕಾಲು ತೊಳೆದು, ನಾಯಿಯನ್ನು ತೊಡೆಯ ಮೇಲೆ ಮಲಗಿಸಿಕೊಂಡು ಕೂರತೊಡಗಿದ. ಚೊಕ್ಕಟವಾಗಿ ಒಪ್ಪಿಸಬೇಕಲ್ಲ, ಅದಕ್ಕೆ, ಬೇರೇನಿಲ್ಲ ಎಂದು ಯಾರೂ ಕೇಳದಿದ್ದರೂ ಹೇಳುತ್ತಿದ್ದ. ಗಂಟುಗಳೆಲ್ಲ ಬುಧವಾರಕ್ಕೇ ಮುಗಿದಿದ್ದವು. ಅವನು ಶುಕ್ರವಾರವೂ ಬಾಚುತ್ತಿದ್ದ. ಕುಂದುಜ್ ಎದುರಿಗೆ ಕುಳಿತು ಬಾಚಣಿಗೆ ಹೋಗಿಬರುವುದನ್ನೇ ನೋಡುತ್ತಿದ್ದಳು. ಒಂದು ಸಲ, "ಆತಾ…" ಎಂದು ಅಪ್ಪನನ್ನು ಕರೆದಳು. "ಏನು ಪುಟ್ಟಿ?" ಎಂದ ಅಪ್ಪ. "ಏನಿಲ್ಲ" ಎಂದಳು.

ಶನಿವಾರ ಅಂಗಳದಲ್ಲಿ ದೊಡ್ಡ ಕಬ್ಬಿಣದ ಕಡಾಯಿ ಏರಿತು. ಬೋರ್ಸೋಕ್ ಕರಿಯಲು ಕಲಸಿದ ಹಿಟ್ಟು ಬಟ್ಟೆಯಡಿಯಲ್ಲಿ ಉಬ್ಬಿತು. ಮಾಮ್ಬೆತ್ ಕುರಿಯ ತೊಡೆ ಹೊತ್ತು ತಂದ. ಮಕ್ಕಳು ಬರಿಗಾಲಲ್ಲಿ ಗ್ಯಾರೇಜುಗಳ ಬಳಿ ಸಾಲಾಗಿ ನಿಂತು ಒಬ್ಬರನ್ನೊಬ್ಬರು ತಳ್ಳಾಡುತ್ತಿದ್ದರು. ಬೆಂಚಿನ ತುದಿಯಲ್ಲಿ ಮೊದಲ ಮಹಡಿಯ ಝಿಬೆಕ್ ತನ್ನ ಮಗ ಎರ್ಮೆಕ್‌ನನ್ನು ಬೆಂಚು ಹಿಡಿಸಿ ನಿಲ್ಲಿಸಿಕೊಂಡಿದ್ದಳು. ಓರಗೆಯ ಕೂಸುಗಳೆಲ್ಲ ಓಡಾಡುತ್ತಿದ್ದರೂ ಈ ಧಡಿಯ ಬೆಂಚು ಬಿಟ್ಟವನಲ್ಲ. ಬೇರೆಯವರ ಕೂಸಿನ ಹಬ್ಬಕ್ಕೆ ಅವಳು ಎಲ್ಲರಿಗಿಂತ ಮೊದಲು ಬಂದು ಈರುಳ್ಳಿ ಹೆಚ್ಚಿದ್ದಳು.

ಬಾಗಿಲು ತೆರೆಯಿತು. ಶಾರ್ಶೆನ್ ಬಂದ. ಪಕ್ಕದಲ್ಲಿ ಕಣ್ಣು ಕೆಂಪಾದ ಕುಂದುಜ್, ಹಿಂದೆ ಬುರುಲ್. ಮುಂದೆ ಹತ್ತಿಯ ಅಂಗಿ ತೊಟ್ಟು, ಎದೆಪಟ್ಟಿ ಕಟ್ಟಿಕೊಂಡು, ನಾಲ್ಕು ಕಾಲಿಗೂ ಕಾಲುಚೀಲ ಧರಿಸಿ, ಹಿಂಜಿದ ಅರಳೆಯಂತೆ ಬೆಳ್ಳಗೆ, ಕಪ್ಪು ಬಿಳಿ ಹುರಿಯ ತುದಿಯಲ್ಲಿ ಫಾಂತಿಕ್.

ಕಡಾಯಿಯ ಎಣ್ಣೆ ಮಾತ್ರ ಚಟಚಟ ಎನ್ನುತ್ತಿತ್ತು.

"ಮಗು ಎಲ್ಲೋ?" ಎಂದಳು ಅಸಿಲ್ಕಾನ್ ಅಪಾ.

"ಯಾವ ಮಗು?" ಎಂದ ಶಾರ್ಶೆನ್.

ಅಪಾ ಸೌಟಿನಿಂದ ಕಡಾಯಿ ತೋರಿಸಿದಳು, ಮಕ್ಕಳ ಸಾಲು ತೋರಿಸಿದಳು, ಕೊನೆಗೆ ಹುರಿ ತೋರಿಸಿದಳು. ಶಾರ್ಶೆನ್ ತನ್ನ ಕೈಯಲ್ಲಿದ್ದ ಹುರಿಯನ್ನು ಮೊದಲ ಸಲ ನೋಡಿದ. ಕಪ್ಪು, ಬಿಳಿ, ಕಪ್ಪು, ಬಿಳಿ. ಬಜಾರು, ಮಾಮ್ಬೆತ್‌ನ ಅಪ್ಪುಗೆ, ಟಾನಿಕ್, ಎಲ್ಲವೂ ಒಂದರ ಹಿಂದೊಂದು ಅವನ ಮುಖದ ಮೇಲೆ ಹಾದುಹೋದವು. ಬುರುಲ್ ಸೆರಗಿನಂತೆ ತಲೆವಸ್ತ್ರವನ್ನು ಬಾಯಿಗೆ ಒತ್ತಿಕೊಂಡಳು. ಅವಳು ಅಳುತ್ತಿರಲಿಲ್ಲ.

ಮೊದಲು ಬಾಯಿಬಿಟ್ಟವನು ಮಾಮ್ಬೆತ್. "ಬಾಯ್ಕೆ, ನಿಮ್ಮಜ್ಜನ ನಾಯಿ ತೋಳ ಹಿಡಿದಾಗ ಅದಕ್ಕೂ ಕಾಲುಚೀಲ ಇತ್ತಾ?"

ನಗು ಮಂತ್ರಿಮಂಡಲದಿಂದ ಹೊರಟು ಗ್ಯಾರೇಜಿನವರೆಗೂ ಹೋಗಿ ತಿರುಗಿ ಬಂತು. ಆ ಗದ್ದಲಕ್ಕೆ ಎರ್ಮೆಕ್ ತಿರುಗಿ ನೋಡಿದ. ಕಾಲುಚೀಲ ತೊಟ್ಟ ಆ ಬಿಳಿಯ ಉಂಡೆ ಅವನ ಕಣ್ಣಿಗೆ ಬಿತ್ತು. ಅವನು ಬೆಂಚು ಬಿಟ್ಟ.

"ನೋಡ್ರೀ" ಎಂದು ಝಿಬೆಕ್ ಮೆಲ್ಲಗೆ ಹೇಳಿದಳು. ಎಲ್ಲರೂ ನೋಡಿದರು. ಒಂದು ಹೆಜ್ಜೆ, ಓಲಾಟ, ಇನ್ನೊಂದು ಹೆಜ್ಜೆ. ಧಡಿಯ ಅಂಗಳ ದಾಟಿ ಬಂದು ಧೊಪ್ಪನೆ ಕುಳಿತು ಎರಡೂ ಮುಷ್ಟಿಯಲ್ಲಿ ಫಾಂತಿಕ್‌ನ ಕೂದಲು ಹಿಡಿದುಕೊಂಡ. ಗಂಟೊಂದೂ ಇರಲಿಲ್ಲವಾದ್ದರಿಂದ ನಾಯಿಗೆ ನೋವಾಗಲಿಲ್ಲ. ಅದು ಅವನ ಮೂಗು ನೆಕ್ಕಿತು.

ಅಸಿಲ್ಕಾನ್ ಅಪಾ ಸೌಟು ಎತ್ತಿದಳು. "ಎಣ್ಣೆ ಕಾದಿದೆ, ಕೂಸು ನಡೆದಿದೆ. ಇನ್ನೇನು ನೋಡ್ತಾ ನಿಂತಿದ್ದೀರ? ಆ ಹುರಿ ಈ ಕಡೆ ಕೊಡು."

ನಾಯಿಯ ಎದೆಪಟ್ಟಿಯಿಂದ ಹುರಿ ಬಿಚ್ಚಿ ಎರ್ಮೆಕ್‌ನ ಕಾಲಿಗೆ ಕಟ್ಟಿದರು. ಝಿಬೆಕ್ ನಗುತ್ತ ಅಳುತ್ತ ಮಗನನ್ನು ಹಿಡಿದು ನಿಲ್ಲಿಸಿದಳು. ಅಷ್ಟರಲ್ಲಿ ಗೇಟಿನಿಂದ ಅಪರಿಚಿತ ಹೆಂಗಸೊಬ್ಬಳು ಬಂದು, ಶಾರ್ಶೆನ್ ಅವರ ಮನೆ ಯಾವುದೆಂದು ಕೇಳಿದಳು. ತೋಕ್ಮೋಕಿನ ಲಾರಿಸಾ. ಬಂದ ಅತಿಥಿಯನ್ನು ಮಾತಾಡಿಸುವ ಮೊದಲು ಕೂರಿಸಬೇಕು, ಕೂರಿಸಿದ ಮೇಲೆ ಕುಡಿಸಬೇಕು. ಚಹಾದ ಬಟ್ಟಲು, ಬಿಸಿ ಬೋರ್ಸೋಕ್, ಜಾಮಿನ ತಟ್ಟೆ ಅವಳನ್ನು ಸುತ್ತುವರಿದವು. ಮನೆಯಲ್ಲಿ ಮೂರು ಬೆಕ್ಕುಗಳಿವೆ, ಆದರೂ ಟೀಚರಮ್ಮನ ಮಾತು ತೆಗೆದುಹಾಕಲಾಗಲಿಲ್ಲ ಎಂದು ಅವಳು ಪಕ್ಕದವಳಿಗೆ ಹೇಳುತ್ತಿದ್ದುದು ಕುಂದುಜ್‌ಳ ಕಿವಿಗೂ ಬಿತ್ತು. ಹಗ್ಗ ಇದೆ ಅಂದಿದ್ದರು, ಅದಕ್ಕೇ ಬುಟ್ಟಿ ತರಲಿಲ್ಲ ಎಂದದ್ದೂ ಬಿತ್ತು.

ಕುಂದುಜ್ ಚಪ್ಪಲಿ ಕಳಚಿ ಗ್ಯಾರೇಜುಗಳ ಕಡೆಗೆ ನಡೆದು ಸಾಲಿನ ಕೊನೆಯಲ್ಲಿ ನಿಂತಳು.

ಅವಳು ಓಟದಲ್ಲಿ ಎಂದೂ ಗೆದ್ದವಳಲ್ಲ. ದಾರಿಯಲ್ಲಿ ಚಿಟ್ಟೆ ಕಂಡರೆ ನಿಲ್ಲುವ ಜಾತಿ. ಆದರೆ ಮಾಮ್ಬೆತ್ ಕೈ ಬೀಸಿದಾಗ ಅವಳು ತಲೆ ತಗ್ಗಿಸಿ, ಹಲ್ಲು ಕಚ್ಚಿ ಓಡಿಬಂದ ಪರಿಗೆ ಅಜ್ಜನ ಬೇಟೆನಾಯಿಯೂ ದಾರಿ ಬಿಡುತ್ತಿತ್ತು. ದೊಡ್ಡ ಹುಡುಗರು ಹಿಂದುಳಿದರು. ಎಲ್ಲರಿಗಿಂತ ಮೊದಲು ಬಂದು ಎರ್ಮೆಕ್‌ನ ಕಾಲ ಬಳಿ ಕುಸಿದು ಕುಳಿತಳು. ಕತ್ತರಿ ಎಲ್ಲಿ ಎಂದು ಅಪಾ ಕೂಗಿದಾಗ ಶಾರ್ಶೆನ್ ಜೇಬಿಗೆ ಕೈಹಾಕಿ ಮೊಂಡು ತುದಿಯ ಪುಟ್ಟ ಕತ್ತರಿ ತೆಗೆದುಕೊಟ್ಟ.

ಒಂದು ಕಡೆ ಕತ್ತರಿಸಿದರೆ ಶಾಸ್ತ್ರ ಮುಗಿಯುತ್ತದೆ. ಕುಂದುಜ್ ಒಂದು ಕಡೆ ಕತ್ತರಿಸಿದಳು. ಜನ ಹರಸಿದರು, ಎರ್ಮೆಕ್ ಬಿಡುಗಡೆಯಾಗಿ ನೇರ ನಾಯಿಯ ಕಡೆಗೆ ಹೊರಟ. ಕುಂದುಜ್ ಕುಳಿತಲ್ಲೇ ಹುರಿಯನ್ನು ಎತ್ತಿಕೊಂಡು ಇನ್ನೊಂದು ಕಡೆ ಕತ್ತರಿಸಿದಳು. ಮತ್ತೊಂದು ಕಡೆ. ಒಂದೊಂದು ತುಂಡೂ ಬೆರಳುದ್ದವಾಗುವವರೆಗೆ, ಕಸೂತಿ ಮಾಡುವಷ್ಟು ಶ್ರದ್ಧೆಯಿಂದ.

ಲಾರಿಸಾ ಬಟ್ಟಲು ಕೆಳಗಿಟ್ಟಳು. "ಅದೇನಾ ನಾಯಿ ಹಗ್ಗ?"

"ಅದೇ ಆಗಿತ್ತು" ಎಂದಳು ಬುರುಲ್.

ಮಂತ್ರಿಮಂಡಲದಲ್ಲಿ ಯಾರೋ ದೇವದೂತರ ಮಾತು ತೆಗೆದರು. ಅಸಿಲ್ಕಾನ್ ಅಪಾ ಅತ್ತ ತಿರುಗಿಯೂ ನೋಡಲಿಲ್ಲ. "ಮೂರು ಮಹಡಿ ಹತ್ತಿ ಬರೋ ದೇವದೂತರು, ಬಾಗ್ಲಲ್ಲಿರೋ ಒಂದು ನಾಯಿಬುಟ್ಟಿ ದಾಟಲ್ವಾ?" ಎಂದಳು. ಆಮೇಲೆ ಕುಂದುಜ್‌ಳ ತಲೆಯ ಮೇಲೆ ಕೈಯಿಟ್ಟಳು. "ಗೆದ್ದೋರಿಗೆ ಬಹುಮಾನ ಕೊಡೋದು ಪದ್ಧತಿ. ಏನು ಬೇಕೋ ಕೇಳು ಮಗಳೇ. ಈ ಅಂಗಳದಲ್ಲಿ ಕೇಳ್ದೇ ಇದ್ದದ್ದರಿಂದ ಆದ ಅನಾಹುತ ಸಾಕು."

ಮಾಮ್ಬೆತ್‌ನ ಕೈಯಲ್ಲಿ ಮೂಳೆ ಅರ್ಧದಲ್ಲೇ ನಿಂತಿತು. ಶಾರ್ಶೆನ್ ಇಡೀ ಅಂಗಳದ ಎದುರು ನೆಲಕ್ಕೆ ಮಂಡಿಯೂರಿ, ಎಡಗೈಯಲ್ಲಿ ಬುಡ ಹಿಡಿದುಕೊಂಡು, ಫಾಂತಿಕ್‌ನ ಗಡ್ಡಕ್ಕಂಟಿದ ಬೋರ್ಸೋಕಿನ ಚೂರುಗಳನ್ನು ತುದಿಯಿಂದ ಮೆಲ್ಲಗೆ ಬಾಚಿ ತೆಗೆಯುತ್ತಿದ್ದ. ಎಲ್ಲರೂ ತನ್ನನ್ನೇ ನೋಡುತ್ತಿರುವುದು ತಿಳಿದು ಬಾಚಣಿಗೆಯನ್ನು ನಿಲ್ಲಿಸಿದ.

ಕುಂದುಜ್ ಹುರಿಯ ತುಂಡುಗಳನ್ನು ಅಂಗೈಯಲ್ಲಿ ಮುಚ್ಚಿ ಹಿಡಿದು ಅವನ ಎದುರು ಬಂದು ನಿಂತಳು. ಬಾಯಿ ತೆರೆದಳು, ಅಪ್ಪನ ಮುಖ ನೋಡಿದಳು. ಈ ಸಲ ಮುಚ್ಚಲಿಲ್ಲ.

"ಆತಾ, ಫಾಂತಿಕ್ ನಮ್ಮನೇಲೇ ಇರ್ಬಹುದಾ?"